ಹಗರಿ ದಂಡೆಯ ಉಸುಕು

ಎಂಟನೇ ಕ್ಲಾಸಿನ ಪುಸ್ತಕದಲ್ಲಿ ಮರುಭೂಮಿಗೆ ಒಂದೂವರೆ ಪುಟ ಇತ್ತು. ಒಂಟೆ, ಖರ್ಜೂರದ ಮರ, ಅರ್ಧಚಂದ್ರದಂಥ ಒಂದು ದಿಬ್ಬದ ಚಿತ್ರ. ನಮ್ಮ ಭೂಗೋಳದ ಸರ್ ಅದನ್ನು ಓದಿಸಲೇ ಇಲ್ಲ. "ನಾಳೆ ಎಲ್ಲಾರೂ ಹಗರಿಗೆ ಹೋಗೋಣ. ಜಾಮಿಟ್ರಿ ಬಾಕ್ಸ್ ತರ್ರಿ" ಎಂದರು.

ಆಗ ಆಷಾಢ. ಬಳ್ಳಾರಿ ಕಡೆಯ ಆಷಾಢದ ಗಾಳಿ ಗೊತ್ತಲ್ವಾ? ಪಡುವಣದಿಂದ ಎದ್ದರೆ ದಿನಗಟ್ಟಲೆ ನಿಲ್ಲುವುದಿಲ್ಲ. ಹಗರಿ ಹೊಳೆಯಲ್ಲಿ ಹನಿ ನೀರಿರಲಿಲ್ಲ. ನಡೆದೇ ದಾಟಿ ಮೂಡಣ ದಂಡೆಗೆ ಹೋದೆವು. ಚಡ್ಡಿ ಹಾಕಿದ್ದ ನಮ್ಮ ಮೊಣಕಾಲ ಕೆಳಗೆಲ್ಲ ಸೂಜಿ ಚುಚ್ಚಿದ ಹಾಗೆ ಚುರುಚುರು.

"ಮುಖಕ್ಕೂ ಹಂಗ ಬಡೀತೈತೇನು?" ಸರ್ ಕೇಳಿದರು.

ಇಲ್ಲ. ಮುಖಕ್ಕೆ ಬರೀ ಗಾಳಿ, ಸ್ವಲ್ಪ ದೂಳು.

ಅಲ್ಲಿಂದಲೇ ಪಾಠ ಶುರು. ಉಸುಕಿನ ಕಾಳು ದೂಳಿನಂತೆ ತೇಲುವಷ್ಟು ಹಗುರ ಅಲ್ಲ. ಗಾಳಿ ಎಬ್ಬಿಸಿದರೆ ಕುಪ್ಪಳಿಸುತ್ತದೆ, ಬೀಳುತ್ತದೆ, ಬಿದ್ದ ಏಟಿಗೆ ಇನ್ನೊಂದು ಕಾಳನ್ನು ಎಬ್ಬಿಸುತ್ತದೆ. ಹೆಚ್ಚಿನ ಉಸುಕು ಹೀಗೆ ನೆಲದ ಹತ್ತಿರವೇ ಓಡುತ್ತದೆ. ಅದಕ್ಕೇ ಮರುಭೂಮಿಯ ಕೆಲವು ಬಂಡೆಗಳು ಬುಡದಲ್ಲಿ ಸವೆದು, ಮೇಲೆ ದಪ್ಪ ಉಳಿದು, ಅಣಬೆಯಂತೆ ನಿಲ್ಲುತ್ತವೆ. ನಮ್ಮ ಮೊಣಕಾಲಿಗೆ ಆದದ್ದೇ ಆ ಬಂಡೆಗೂ ಆಗುತ್ತದೆ. ಈ ಮಾತನ್ನು ನಾನು ಮತ್ತೆ ಯಾವತ್ತೂ ಬಾಯಿಪಾಠ ಮಾಡಬೇಕಾಗಲಿಲ್ಲ.

ಆಮೇಲೆ ಬೊಗಸೆಯಲ್ಲಿ ಒಣ ಉಸುಕು ತುಂಬಿ ನಿಧಾನಕ್ಕೆ ಸುರಿಯಲು ಹೇಳಿದರು. ಗುಡ್ಡೆ ಏರಿತು. ಒಂದು ಹಂತ ಬಂದ ಮೇಲೆ ಎಷ್ಟು ಸುರಿದರೂ ಜಾರಿತು. ಕೋನಮಾಪಕ ಇಟ್ಟು ನೋಡಿದೆವು. ಎಲ್ಲರದ್ದೂ 30ರಿಂದ 35 ಡಿಗ್ರಿ ಒಳಗೇ! ಸಹರಾದ ದಿಬ್ಬದ ಜಾರು ಮಗ್ಗುಲೂ ಇಷ್ಟೇ ಇರುತ್ತದೆ ಎಂದಾಗ ನನಗೆ ಮೈ ಜುಂ ಅಂದಿತು. ಗಾಳಿ ಬರುವ ಕಡೆ ಇಳಿಜಾರು ಸಾವಕಾಶ, ಆಚೆ ಕಡೆ ಕಡಿದು. ಉಸುಕು ಹಿಂದಿನಿಂದ ಏರಿ, ನೆತ್ತಿ ದಾಟಿ, ಮುಂದೆ ಜಾರುತ್ತದೆ. ದಿಬ್ಬ ಹೀಗೆ ನಡೆಯುತ್ತದೆ. ಅಂಚಿನಲ್ಲಿ ಉಸುಕು ಕಡಿಮೆ, ಆದ್ದರಿಂದ ಅಂಚು ಬೇಗ ಮುಂದೆ ಹೋಗುತ್ತದೆ, ನಡುಭಾಗ ಹಿಂದುಳಿಯುತ್ತದೆ. ಪುಸ್ತಕದ ಅರ್ಧಚಂದ್ರಕ್ಕೆ ಕೊಂಬು ಬಂದದ್ದು ಹೀಗೆ. ಅದರ ಹೆಸರು ಬರ್ಖಾನ್.

ಅಷ್ಟರಲ್ಲಿ ನಮ್ಮ ಕ್ಲಾಸಿನ ಒಬ್ಬಳು ಕೈ ತೋರಿಸಿ, "ಸರ್, ಆ ದಿಬ್ಬದ ಕೆಳಗ ನಮ್ಮ ಹೊಲ ಐತ್ರಿ" ಎಂದಳು. ಯಾರೂ ಮಾತಾಡಲಿಲ್ಲ. ಅವರ ಮನೆಯವರು ವರ್ಷವೂ ಪುಟ್ಟಿಯಲ್ಲಿ ಉಸುಕು ಹೊತ್ತು ಹಾಕುತ್ತಿದ್ದರಂತೆ. ಸರ್ ಅವಳ ಪಕ್ಕ ಕೂತು, ಬಳ್ಳಾರಿ ಜಾಲಿಯ ಒಂದು ಪೊದೆ ತೋರಿಸಿದರು. ಪೊದೆಗೆ ಗಾಳಿಯ ವೇಗ ತಗ್ಗಿ, ಅದರ ಹಿಂದೆ ಉಸುಕು ಬಾಲದ ಹಾಗೆ ಕೂತಿತ್ತು. ಹೊಲದ ಪಡುವಣಕ್ಕೆ ಸಾಲಾಗಿ ಗಿಡ ಇದ್ದರೆ ಉಸುಕು ಅಲ್ಲೇ ನಿಲ್ಲುತ್ತದೆ ಎಂದು ಅವಳಿಗೆ ವಿವರವಾಗಿ ಹೇಳಿದರು. ಪಾಠಕ್ಕಿಂತ ಜಾಸ್ತಿ ಹೊತ್ತು ಅದನ್ನೇ ಮಾತಾಡಿದರು.

ವರ್ಷಗಳ ನಂತರ ರಾಜಸ್ಥಾನದ ಮರುಭೂಮಿಯ ಜೈಸಲ್ಮೇರಿಗೆ ಹೋಗುವ ಮುಂಚೆ ಸರ್‌ಗೆ ಫೋನ್ ಮಾಡಿದೆ. "ಉಸುಕು ಇಲ್ಲೇ ನೋಡೀಯಪ್ಪಾ. ಅಲ್ಲಿ ಹಳ್ಳ ನೋಡಿಕೊಂಡು ಬಾ" ಎಂದರು. ಸಹರಾದಲ್ಲೂ ಉಸುಕು ಸುಮಾರು ಕಾಲು ಭಾಗ ಮಾತ್ರ, ಉಳಿದದ್ದು ಕಲ್ಲು, ಗರಸು. ಮಳೆ ಅಪರೂಪ, ಆದರೆ ಬಂದರೆ ತಡೆಯಲು ಹುಲ್ಲಿಲ್ಲ, ಬೇರಿಲ್ಲ. ಒಂದೇ ಮಳೆಗೆ ಹಳ್ಳ ಕೊರೆದು ಹೋಗುತ್ತದೆ.

ಅಲ್ಲಿನ ಸಮ್ ಊರಿನ ಉಸುಕು ದಿಬ್ಬಗಳನ್ನು ಬೇಗ ನೋಡಿ ಮುಗಿಸಿ, ಕಾಕ್ನಿ ಹೊಳೆಯ ಒಣ ಪಾತ್ರಕ್ಕೆ ಹೋದೆ. ಆ ಹೊಳೆ ಸಮುದ್ರ ಸೇರುವುದಿಲ್ಲ, ಮರುಭೂಮಿಯಲ್ಲೇ ಮುಗಿಯುತ್ತದೆ. ನೀರು ಹೊತ್ತು ತಂದ ದುಂಡನೆಯ ಕಲ್ಲುಗಳು ಬಿಸಿಲಲ್ಲಿ ಕಾದಿದ್ದವು. ಎರಡು ಕಲ್ಲು ಆರಿಸಿ ಚೀಲಕ್ಕೆ ಹಾಕಿಕೊಂಡೆ. ಒಂದು ಸರ್‌ಗೆ, ಇನ್ನೊಂದು ಹಗರಿ ದಂಡೆಯ ಆ ಗೆಳತಿಗೆ.