ಮನೆಯಲ್ಲಿ ಗೊತ್ತಿರುವವರು ಇದ್ದರೆ

ಮೇ 14, 2025, ಬುಧವಾರ

ಬೆಳಗ್ಗೆ ಲೈಬ್ರರಿ ಬಾಗಿಲು ತೆಗೆಯೋಕೆ ಹೋದಾಗ ಆ ಹುಡುಗಿ ಆಗಲೇ ಬಂದು ಕಟ್ಟೆ ಮೇಲೆ ಕೂತಿದ್ದಳು. ಕೈಯಲ್ಲಿ ರೇಷನ್ ಕಾರ್ಡಿನ ಪ್ಲಾಸ್ಟಿಕ್ ಕವರ್. ಅದರೊಳಗೆ ನಾಲ್ಕು ಮಡಿಕೆ ಮಾಡಿಟ್ಟ ಎಸ್ಸೆಸ್ಸೆಲ್ಸಿ ಅಂಕಪಟ್ಟಿ, ಸೈಬರ್‌ನಲ್ಲಿ ತೆಗೆಸಿದ್ದು. 625ಕ್ಕೆ 571.

ಫಲಿತಾಂಶ ಬಂದಿದ್ದು 2ನೇ ತಾರೀಕು. ಹನ್ನೆರಡು ದಿನ ಆಯಿತು. "ಯಾವ ಕಾಲೇಜಮ್ಮ?" ಅಂತ ಕೇಳಿದೆ. "ಇನ್ನೂ ಇಲ್ಲ ಅಕ್ಕ" ಅಂದಳು. ನಾನು ಬೆಂಚು ಒರೆಸಿ ಪೇಪರ್ ಜೋಡಿಸುವವರೆಗೂ ಸುಮ್ನೆ ನಿಂತಿದ್ದಳು. ಆಮೇಲೆ ಸಣ್ಣ ದನಿಯಲ್ಲಿ, "ಅಕ್ಕ, ಪಿಸಿಎಂಬಿ ಅಂದ್ರೆ ಏನು?" ಪಿಯುಸಿ ಸೈನ್ಸ್‌ನಲ್ಲಿ ಫಿಸಿಕ್ಸ್, ಕೆಮಿಸ್ಟ್ರಿ, ಮ್ಯಾತ್ಸ್, ಬಯಾಲಜಿ ಅಂತ ಹೇಳಿದೆ.

ನನ್ನ ಮಗನಿಗೂ ಈ ಸಲವೇ ಎಸ್ಸೆಸ್ಸೆಲ್ಸಿ. ಅವನಿಗೆ ಬಂದಿದ್ದು 538. ಅವನು ಈ ಪ್ರಶ್ನೆಯನ್ನು ಯಾವತ್ತೂ ಕೇಳಿಲ್ಲ. ನಮ್ಮವರು ಹೈಸ್ಕೂಲ್ ಮೇಷ್ಟ್ರು. ಒಂಬತ್ತನೇ ಕ್ಲಾಸಿನಿಂದ ನಮ್ಮನೆ ಊಟದ ಹೊತ್ತಿನ ಮಾತೇ ಅದು. ಸೈನ್ಸಾ, ಕಾಮರ್ಸಾ, ಡಿಪ್ಲೊಮಾನಾ. ಬೆಂಗಳೂರಿನಲ್ಲಿರುವ ನನ್ನ ತಮ್ಮ ಭಾನುವಾರ ವಿಡಿಯೊ ಕಾಲ್ ಮಾಡಿದಾಗಲೆಲ್ಲ ಸಿಇಟಿ, ಜೆಇಇ ಅಂತ ಇಂಜಿನಿಯರಿಂಗ್ ಪ್ರವೇಶ ಪರೀಕ್ಷೆಗಳ ಬಗ್ಗೆ ಏನಾದರೂ ಹೇಳುತ್ತಿದ್ದ. ಅಕ್ಕನ ಮಗಳ ಪಿಯುಸಿ ಪುಸ್ತಕಗಳು ಜನವರಿಯಲ್ಲೇ ಮನೆಗೆ ಬಂದವು. ತುಮಕೂರಿನ ಕಾಲೇಜಿಗೆ ಅರ್ಜಿ ಹಾಕಿದ್ದು ಮಾರ್ಚ್‌ನಲ್ಲಿ, ಪರೀಕ್ಷೆ ಮುಗಿಯುವ ಮೊದಲೇ. ಚೀಟಿ ಎತ್ತಿದ ದುಡ್ಡು ಫೀಸಿಗೆ ಅಂತ ಎತ್ತಿಟ್ಟಿದ್ದೇವೆ. ನಾವೇನೂ ಶ್ರೀಮಂತರಲ್ಲ. ಆದರೆ ಮನೆಯಲ್ಲಿ ಗೊತ್ತಿರುವವರು ಇದ್ದೇವೆ. ಈ ಎರಡರ ನಡುವಿನ ವ್ಯತ್ಯಾಸ ನನಗೆ ಇಷ್ಟು ಸ್ಪಷ್ಟವಾಗಿ ಕಂಡಿದ್ದು ಇವತ್ತೇ.

ಈ ಹುಡುಗಿಯನ್ನು ನಾನು 2020ರಿಂದ ನೋಡುತ್ತಿದ್ದೇನೆ. ಆ ವರ್ಷ 'ಓದುವ ಬೆಳಕು' ಅಂತ ಪಂಚಾಯಿತಿ ಲೈಬ್ರರಿಗಳಲ್ಲಿ ಮಕ್ಕಳಿಗೆ ಉಚಿತ ಸದಸ್ಯತ್ವ ಶುರು ಮಾಡಿದರು. ಅವಳಾಗ ಆರನೇ ಕ್ಲಾಸು. ಕೊರೊನಾದಿಂದ ಸ್ಕೂಲು ಮುಚ್ಚಿತ್ತು. ನನ್ನ ಮಗ ಮನೆಯಲ್ಲಿ ಅಪ್ಪನ ಫೋನಿನಲ್ಲಿ ಕ್ಲಾಸ್ ಕೇಳುತ್ತಿದ್ದ, ಗೊತ್ತಾಗದಿದ್ದರೆ ಪಕ್ಕದಲ್ಲೇ ಮೇಷ್ಟ್ರು. ಇವಳ ಮನೆಯಲ್ಲಿ ಇದ್ದದ್ದು ಕೀಪ್ಯಾಡ್ ಫೋನು, ಅದೂ ಅಪ್ಪನ ಜೊತೆ ಬೆಂಗಳೂರಿನಲ್ಲಿ. ವಾರಕ್ಕೆ ಎರಡು ಪುಸ್ತಕ ಒಯ್ಯುತ್ತಿದ್ದಳು. ಮಕ್ಕಳ ಕತೆ ಮುಗಿದ ಮೇಲೆ ದೊಡ್ಡವರ ಕಾದಂಬರಿಗೂ ಕೈ ಹಾಕಿದಳು. ಹಾಳೆ ಮಡಚುತ್ತಿರಲಿಲ್ಲ, ಗುರುತಿಗೆ ಹೊಂಗೆ ಎಲೆ ಇಡುತ್ತಿದ್ದಳು. ಈಗಲೂ ನಮ್ಮ ಕಪಾಟಿನ ಕೆಲವು ಪುಸ್ತಕಗಳಲ್ಲಿ ಒಣಗಿದ ಹೊಂಗೆ ಎಲೆ ಸಿಗುತ್ತದೆ.

ಮಾತಾಡುತ್ತಾ ಇನ್ನೊಂದು ವಿಷಯ ಗೊತ್ತಾಯಿತು. ಸರ್ಕಾರಿ ಮತ್ತು ಅನುದಾನಿತ ಶಾಲೆಯ ಎಂಟನೇ ಕ್ಲಾಸಿನ ಮಕ್ಕಳಿಗೆ ಎನ್‌ಎಂಎಂಎಸ್ ಅಂತ ಒಂದು ಪರೀಕ್ಷೆ ಇದೆ. ಆಯ್ಕೆಯಾದರೆ ಒಂಬತ್ತರಿಂದ ಪಿಯುಸಿ ಮುಗಿಯುವವರೆಗೆ ವರ್ಷಕ್ಕೆ 12,000 ರೂಪಾಯಿ. ನಾಲ್ಕು ವರ್ಷಕ್ಕೆ 48,000. ಇವಳು ಆ ಪರೀಕ್ಷೆಗೆ ಕೂರಲೇ ಇಲ್ಲ. ಆದಾಯ ಪ್ರಮಾಣಪತ್ರ ಇರಲಿಲ್ಲ. ಅದನ್ನು ಮಾಡಿಸಲು ಅಪ್ಪ ಬರಬೇಕಿತ್ತು. ಅಪ್ಪ ಬೆಂಗಳೂರಿನಲ್ಲಿ ಸೆಂಟ್ರಿಂಗ್ ಕೆಲಸದಲ್ಲಿದ್ದರು, ಎರಡು ದಿನದ ಕೂಲಿ ಹೋಗುತ್ತೆ ಅಂತ ಮುಂದಿನ ತಿಂಗಳಿಗೆ ದೂಡಿದರು. ಅಷ್ಟರಲ್ಲಿ ಕೊನೆಯ ದಿನಾಂಕ ಮುಗಿದಿತ್ತು. ಆ ಪತ್ರಕ್ಕೆ ನಾಡಕಚೇರಿಯಲ್ಲಿ ಆಗುವ ಖರ್ಚು ಏನೇನೂ ಅಲ್ಲ. ಅದು ಸಿಕ್ಕರೆ ಎಷ್ಟು ದುಡ್ಡು ಬರುತ್ತದೆ ಅಂತ ಆ ಅಪ್ಪನಿಗೆ ಕೂರಿಸಿಕೊಂಡು ಹೇಳಿದವರು ಯಾರೂ ಇರಲಿಲ್ಲ. ನಾನೂ ಹೇಳಲಿಲ್ಲ. ವಾರಕ್ಕೊಮ್ಮೆ ಕಣ್ಣೆದುರು ಬರುತ್ತಿದ್ದ ಹುಡುಗಿಗೆ ಪುಸ್ತಕ ಕೊಟ್ಟೆ, ಇದನ್ನು ಕೇಳಲಿಲ್ಲ. ಆ ಸಂಕಟ ಮಧ್ಯಾಹ್ನದವರೆಗೂ ಬಿಡಲಿಲ್ಲ.

ಸಂಜೆ ಅವರ ಮನೆಗೆ ಹೋದೆ. ಈಗ ನಮ್ಮ ಕಡೆ ಹುಣಸೆಹಣ್ಣಿನ ಕೆಲಸ ಮುಗಿಯುವ ಹೊತ್ತು. ಅಂಗಳದಲ್ಲಿ ಗೋಣಿಚೀಲ ಹಾಸಿ ಅವಳ ಅಮ್ಮ ಹಣ್ಣು ಕುಟ್ಟುತ್ತಿದ್ದರು. ಕಲ್ಲಿನ ಮೇಲೆ ಹಣ್ಣಿಟ್ಟು ಸಣ್ಣ ಸುತ್ತಿಗೆಯಿಂದ ಒಂದೇ ಏಟು. ಬೀಜ ಒಂದು ಕಡೆ, ನಾರು ಒಂದು ಕಡೆ, ಹಣ್ಣು ಮಂಕರಿಗೆ. ಕೆಜಿ ಲೆಕ್ಕದಲ್ಲಿ ಕೂಲಿ. ಹುಡುಗಿಯೂ ಹೋದ ತಕ್ಷಣ ಪಕ್ಕದಲ್ಲಿ ಕೂತು ಶುರು ಮಾಡಿದಳು. ಮಾತಾಡುವಾಗಲೂ ಇಬ್ಬರ ಕೈ ನಿಲ್ಲಲಿಲ್ಲ. ಅಮ್ಮನ ಬೆರಳ ತುದಿಗಳು ಕಪ್ಪಗಾಗಿ ಬಿರಿದಿದ್ದವು.

"ನಮ್ಗೇನ್ ಗೊತ್ತಾಯ್ತದೆ ಮೇಡಮ್ಮ. ಮೂರು ಜನ ಗೆಳತೀರು ಆರ್ಟ್ಸ್ ಸೇರ್ತಾವ್ರಂತೆ. ಜೊತೇಲಿ ಹೋಗಿ ಬರ್ಲಿ ಅಂತ" ಅಂದರು. ನನಗೆ ಆರ್ಟ್ಸ್ ಬಗ್ಗೆ ಕೀಳು ಭಾವನೆ ಇಲ್ಲ, ನಾನೂ ಅದನ್ನೇ ಓದಿದವಳು. ಇಷ್ಟಪಟ್ಟು ತಗೊಂಡರೆ ಸರಿ. ಬಸ್ಸಿಗೆ ಜೊತೆ ಸಿಗುತ್ತೆ ಅಂತ ಒಂದು ಮಗುವಿನ ಮುಂದಿನ ದಾರಿ ತೀರ್ಮಾನ ಆಗಬಾರದು, ಅಲ್ವಾ? ಆದರೆ ಆ ತಾಯಿಯ ಲೆಕ್ಕದಲ್ಲಿ ತಪ್ಪೂ ಇಲ್ಲ. 2023ರ ಜೂನ್‌ನಿಂದ ಹೆಣ್ಣುಮಕ್ಕಳಿಗೆ ಬಸ್ಸು ಉಚಿತ, ಅದರಿಂದಲೇ ನಮ್ಮೂರಿನ ಎಷ್ಟೋ ಹುಡುಗಿಯರು ಕಾಲೇಜಿನ ಮುಖ ನೋಡಿದ್ದಾರೆ. ಟಿಕೆಟ್ಟಿನ ಚಿಂತೆ ಹೋಯಿತು. ಸೈನ್ಸ್‌ನವರಿಗೆ ಪ್ರಾಕ್ಟಿಕಲ್ ಇರುವ ದಿನ ತಡವಾಗುತ್ತದೆ, ಕತ್ತಲಲ್ಲಿ ಕ್ರಾಸ್‌ನಿಂದ ಊರಿಗೆ ಒಬ್ಬಳೇ ನಡೆಯಬೇಕು. ಆ ಚಿಂತೆ ಹಾಗೇ ಇದೆ.

ಆಮೇಲೆ ಟ್ರಂಕಿನಿಂದ ಒಂದು ಬಾಂಡ್ ತೆಗೆದು ತೋರಿಸಿದರು. ಹೆಣ್ಣುಮಗು ಹುಟ್ಟಿದ ಬಡ ಮನೆಗಳಿಗೆ ಸರ್ಕಾರ ಕೊಡುತ್ತಿದ್ದ ಭಾಗ್ಯಲಕ್ಷ್ಮಿ ಬಾಂಡ್. ಹುಡುಗಿ 2009ರಲ್ಲಿ ಹುಟ್ಟಿದ್ದು, 18 ತುಂಬಿದಾಗ ಸುಮಾರು 1 ಲಕ್ಷ ಬರುತ್ತದೆ. "ಮದುವೆಗೆ ಆಯ್ತದೆ ಅಂತ ಜೋಪಾನ ಮಾಡಿದೀನಿ." ಪ್ಲಾಸ್ಟಿಕ್ ಹಾಳೆಯೊಳಗೆ ಒಂದು ಸುಕ್ಕೂ ಇಲ್ಲದೆ ಇತ್ತು. ಆ ಹೊತ್ತಿಗೆ ಇವಳ ಪಿಯುಸಿ ಮುಗಿದಿರುತ್ತದೆ, ಡಿಗ್ರಿ ಫೀಸಿಗೂ ಅದೇ ದುಡ್ಡು ಆಗುತ್ತದೆ ಅಂದೆ. ಅವರು ಮಗಳ ಮುಖ ನೋಡಿದರು. ಹುಡುಗಿ ತಲೆ ಎತ್ತಲಿಲ್ಲ, ಸುತ್ತಿಗೆ ಮಾತ್ರ ನಿಂತಿತು.

ಅಪ್ಪನಿಗೆ ಫೋನ್ ಹಚ್ಚಿದರು. ಹಿಂದೆ ಮಿಕ್ಸರ್ ಮಷೀನಿನ ಸದ್ದು. ಅವರು ಕೇಳಿದ್ದು ಎರಡೇ ಪ್ರಶ್ನೆ. "ಮೇಡಂ, ಎಷ್ಟಾಗುತ್ತೆ ಖರ್ಚು?" ಸರ್ಕಾರಿ ಕಾಲೇಜಿನ ಫೀಸು, ಹಿಂದುಳಿದ ವರ್ಗದ ಮಕ್ಕಳ ಬಿಸಿಎಂ ಹಾಸ್ಟೆಲ್, ಹಾಸ್ಟೆಲ್ ಸಿಗದಿದ್ದರೆ ವಿದ್ಯಾಸಿರಿ ಯೋಜನೆಯಲ್ಲಿ ತಿಂಗಳಿಗೆ 1,500ರಂತೆ ಹತ್ತು ತಿಂಗಳು, ಎಲ್ಲ ಹೇಳಿದೆ. ಎರಡನೆಯದು: "ಓದ್ತಾ ಓದ್ತಾ ಫೇಲಾದ್ರೆ?"

ಇದಕ್ಕೆ ನನ್ನ ಹತ್ತಿರ ಉತ್ತರ ಇರಲಿಲ್ಲ. ನನ್ನ ಅಕ್ಕನ ಮಗಳು ಮೆಡಿಕಲ್ ಪ್ರವೇಶ ಪರೀಕ್ಷೆ ನೀಟ್‌ನಲ್ಲಿ ಒಂದು ಸಲ ಸೀಟು ತಪ್ಪಿಸಿಕೊಂಡಳು. ಒಂದು ವರ್ಷ ಲಾಂಗ್ ಟರ್ಮ್ ಕೋಚಿಂಗ್‌ಗೆ ಹಾಕಿದರು. ಮನೆಯಲ್ಲಿ ಯಾರೂ ಊಟ ಬಿಡಲಿಲ್ಲ. ನನ್ನ ಮಗನೂ ಒಂದು ವರ್ಷ ಎಡವಿದರೆ ನಾವು ಎತ್ತಿ ನಿಲ್ಲಿಸುತ್ತೇವೆ. ಈ ಹುಡುಗಿಗೆ ಎಡವುವ ಅವಕಾಶವೇ ಇಲ್ಲ. ಎಡವಿದರೆ ಮಾರನೇ ದಿನವೇ ಗಾರ್ಮೆಂಟ್ಸ್ ಬಸ್ಸು ಹತ್ತಬೇಕು, ಇಲ್ಲಾಂದ್ರೆ ಗಂಡು ನೋಡುತ್ತಾರೆ. 571 ತೆಗೆದವಳು 'ಕಷ್ಟ ಇಲ್ಲದ್ದು ತಗೊಳ್ತೀನಿ' ಅನ್ನುವುದು ಹೆದರಿಕೆಯಿಂದ, ದಡ್ಡತನದಿಂದ ಅಲ್ಲ. ಬಡವರ ಮಕ್ಕಳಿಗೆ ದೊಡ್ಡ ಆಸೆ ಇಲ್ಲ ಅಂತ ಹೇಳುವವರು ಈ ಪ್ರಶ್ನೆಯನ್ನು ಒಂದು ಸಲ ಕಿವಿಯಾರೆ ಕೇಳಬೇಕು.

"ಫೇಲಾದ್ರೆ ಮತ್ತೆ ಕಟ್ಟಬಹುದು ಅಣ್ಣ. ಮೊದಲ ವರ್ಷ ಇಂಗ್ಲಿಷ್‌ಗೆ ಕಷ್ಟ ಆಗುತ್ತೆ, ಲೈಬ್ರರಿಗೆ ಬರಲಿ, ನಮ್ಮವರು ಹೇಳಿಕೊಡ್ತಾರೆ" ಅಂದೆ. ನಮ್ಮವರನ್ನು ಕೇಳದೇ ಮಾತು ಕೊಟ್ಟೆ. ರಾತ್ರಿ ಹೇಳಿದಾಗ "ಭಾನುವಾರ ಬೆಳಗ್ಗೆ ಕಳಿಸು" ಅಂದರು.

ಇಂಗ್ಲಿಷ್ ಭಯ ಅವಳಿಗೆ ತುಂಬಾ ಇದೆ. ಹತ್ತು ವರ್ಷ ಕನ್ನಡದಲ್ಲಿ ಓದಿ ಈಗ ದ್ಯುತಿಸಂಶ್ಲೇಷಣೆಯನ್ನು ಇನ್ನೊಂದು ಹೆಸರಲ್ಲಿ ಕಲಿಯಬೇಕು. ಆದರೆ ಅದೇ ಹತ್ತು ವರ್ಷ ಅವಳಿಗೆ ಮುಂದೆ ಬಲವೂ ಆಗುತ್ತದೆ. ಸಿಇಟಿಯಲ್ಲಿ ಒಂದರಿಂದ ಹತ್ತರವರೆಗೆ ಹಳ್ಳಿಯಲ್ಲಿ ಓದಿದವರಿಗೆ 15%, ಕನ್ನಡ ಮಾಧ್ಯಮದವರಿಗೆ 5% ಮೀಸಲಾತಿ ಇದೆ. ಆ ಪ್ರಮಾಣಪತ್ರಗಳಿಗೆ ಬಿಇಒ (ಕ್ಷೇತ್ರ ಶಿಕ್ಷಣಾಧಿಕಾರಿ) ಸಹಿ ಬೇಕು. "ಎರಡು ವರ್ಷ ಆದ್ಮೇಲೆ ಬೇಕಾಗುತ್ತೆ, ಮರೀಬೇಡ" ಅಂದಾಗ ನೋಟ್‌ಬುಕ್ಕಿನ ಕೊನೆಯ ಹಾಳೆಯಲ್ಲಿ ಬರೆದುಕೊಂಡಳು.

ನಿನ್ನೆ ಎಫ್‌ಡಿಎ (ಸರ್ಕಾರಿ ಕಚೇರಿಯ ಗುಮಾಸ್ತೆ ಕೆಲಸ) ಪರೀಕ್ಷೆಗೆ ಓದುವ ಹುಡುಗನೊಬ್ಬ, ಹಿಂದುಳಿದವರಿಗೆ ಸರ್ಕಾರಿ ಕೆಲಸದಲ್ಲಿ ಪಾಲು ಸಿಗುವ ದಾರಿ ನೋಡಲು ಮೈಸೂರು ಸಂಸ್ಥಾನ ಮಾಡಿದ್ದ ಮಿಲ್ಲರ್ ಸಮಿತಿಯನ್ನು ನೇಮಿಸಿದ ವರ್ಷ ಕೇಳಿದ್ದ. 1918. ನಾಲ್ವಡಿಯವರ ಕಾಲ. ಓದಿದ ಮನೆಗಳ ಮಕ್ಕಳೇ ಓದುತ್ತಿದ್ದಾರೆ, ಅವರೇ ಕಚೇರಿಯಲ್ಲಿ ಕೂತಿದ್ದಾರೆ, ಉಳಿದವರು ಏನು ಮಾಡಬೇಕು ಅಂತ ಕೇಳಿಕೊಂಡಿದ್ದ ಕಾಲ. ವಿದ್ಯಾರ್ಥಿವೇತನ, ಹಾಸ್ಟೆಲ್ ಅನ್ನುವ ದಾರಿ ಆಮೇಲೆ ಎಷ್ಟೋ ಜನರನ್ನು ಮೇಲೆ ತಂದಿತು. ನನ್ನ ಅಪ್ಪ ಓದಿದ್ದೂ ಸಿದ್ಧಗಂಗಾ ಮಠದಲ್ಲಿ, ಮಠದ ಊಟ ಉಂಡು. ನಮ್ಮ ತಾತನಿಗೆ ಅಕ್ಷರ ಬರುತ್ತಿರಲಿಲ್ಲ. ಮಠದಲ್ಲಿ ಓದಿ ಬಂದಿದ್ದ ಊರಿನವರೊಬ್ಬರು ಅಪ್ಪನ ಕೈ ಹಿಡಿದು ಕರೆದುಕೊಂಡು ಹೋಗಿ ಬಿಟ್ಟು ಬಂದರಂತೆ. ಮಠ ಮೊದಲೂ ಇತ್ತು, ಊಟವೂ ಇತ್ತು. ತಾತನಿಗೆ ಗೊತ್ತಿರಲಿಲ್ಲ ಅಷ್ಟೇ. ಆ ಒಬ್ಬರು ಇಲ್ಲದಿದ್ದರೆ ಇವತ್ತು ಗೋಣಿಚೀಲದ ಮೇಲೆ ಕೂತಿರುತ್ತಿದ್ದವಳು ನಾನೇ.

ಬರುವಾಗ ಅವಳ ಅಮ್ಮ ಒಂದು ಮುಷ್ಟಿ ಹೊಸ ಹುಣಸೆಹಣ್ಣು ಕಾಗದದಲ್ಲಿ ಕಟ್ಟಿಕೊಟ್ಟರು.

ನಾಳೆ ಬೆಳಗ್ಗೆ 7.40ರ ಬಸ್ಸು. ಅರ್ಧ ದಿನ ರಜೆ ಹಾಕಿದ್ದೇನೆ. ಆಧಾರ್, ರೇಷನ್ ಕಾರ್ಡ್, ಟಿಸಿ, ಎಲ್ಲದರ ಎರಡೆರಡು ಜೆರಾಕ್ಸ್, ನಾಲ್ಕು ಫೋಟೊ. ಮೊದಲು ನಾಡಕಚೇರಿಯಲ್ಲಿ ಜಾತಿ-ಆದಾಯ ಪ್ರಮಾಣಪತ್ರಕ್ಕೆ ಅರ್ಜಿ, ಆಮೇಲೆ ಬ್ಯಾಂಕಿನಲ್ಲಿ ಅವಳ ಖಾತೆಗೆ ಆಧಾರ್ ಲಿಂಕ್ ಆಗಿದೆಯಾ ನೋಡಬೇಕು, ಆಮೇಲೆ ಕಾಲೇಜು. ಹುಡುಗಿಯ ಅಮ್ಮನೂ ಬರುತ್ತಾರಂತೆ, ಒಂದು ದಿನದ ಕೂಲಿ ಬಿಟ್ಟು. "ಕಾಲೇಜು ಹೆಂಗೈತೆ ಅಂತ ನಾನೂ ಒಂದ್ಸಲ ನೋಡ್ತೀನಿ ಮೇಡಮ್ಮ" ಅಂದರು.