ನಿಮ್ಮ ಸಿನಿಮಾದಲ್ಲಿ ನೀವೇ ಯಾಕೆ ಬರ್ತೀರಾ?

ನನ್ನ ಸಾಕ್ಷ್ಯಚಿತ್ರ ತೋರಿಸಿದ ಕಡೆಯೆಲ್ಲ ಈ ಪ್ರಶ್ನೆ ಬಂದೇ ಬರುತ್ತದೆ. ಕೋಲಾರದ ಬೋರ್‌ವೆಲ್ ಬಗ್ಗೆ ಅಂತ ಹೇಳಿ, ಮಧ್ಯೆ ಮಧ್ಯೆ ನೀವೇ ಕಾಣಿಸ್ತೀರಲ್ಲ ಅಂತ. ಒಬ್ಬ ಹಿರಿಯರಂತೂ "ಹೀರೋ ಆಗೋ ಆಸೆ ಇತ್ತೇನಪ್ಪಾ?" ಎಂದು ಕೇಳಿಯೇ ಬಿಟ್ಟರು.

ಶುರುವಿನಲ್ಲಿ ಆ ಯೋಚನೆಯೇ ಇರಲಿಲ್ಲ. ವರ್ಷವಿಡೀ ಹರಿಯುವ ನದಿ ಇಲ್ಲದ ಜಿಲ್ಲೆ ನಮ್ಮದು. ಕೆರೆ ಒಣಗಿ, ಬಾವಿ ಬತ್ತಿ, ಬೋರು ಸಾವಿರ ಅಡಿ ದಾಟಿದ ಕಥೆಯನ್ನು ದೂರ ನಿಂತು ಹೇಳೋಣ ಅಂತ ಹೊರಟಿದ್ದೆ. ತಂಡ ಅಂದರೆ ನಾನು, ಕ್ಯಾಮೆರಾ ಹಿಡಿಯುವ ಗೆಳೆಯ, ಅವನ ಬೈಕು. ದುಡ್ಡು ಕೈಯಿಂದಲೇ.

ಅಷ್ಟರಲ್ಲಿ ನಮ್ಮ ಹೊಲದಲ್ಲೇ ಬೋರು ಹಾಕಿಸಬೇಕಾಗಿ ಬಂತು. ಅಂಗೈ ಮೇಲೆ ತೆಂಗಿನಕಾಯಿ ಇಟ್ಟುಕೊಂಡು ನಡೆದವರು ಪಾಯಿಂಟ್ ತೋರಿಸಿದರು. ಸಂಜೆ ರಿಗ್ ಲಾರಿ ಬಂತು, ಪೂಜೆ ಆಯಿತು. ಬೆಳಗಿನ ಜಾವಕ್ಕೆ 1,200 ಅಡಿ, ಬರೀ ಬೂದು ಧೂಳು. ಅಪ್ಪ ಒಂದು ಹಿಡಿ ಧೂಳು ತಗೊಂಡು ಬೆರಳಲ್ಲಿ ಉಜ್ಜಿ ನೋಡಿದರು, ಪಂಚೆಗೆ ಕೈ ಒರೆಸಿಕೊಂಡರು, ಆಮೇಲೆ ಮೈಕ್ ಹಿಡಿದು ಪಕ್ಕದಲ್ಲಿ ನಿಂತಿದ್ದ ನನ್ನ ಕಡೆ ತಿರುಗಿ "ಏನೋ, ಇನ್ನೊಂದು ನೂರಡಿ ಹಾಕಿಸೋಣ್ವಾ?" ಅಂದರು. ನಾನು ಹೂಂ ಅಂದೆ. ಅಡಿಗಿಷ್ಟು ಅಂತ ದುಡ್ಡು ಕೊಡುವ ಕೆಲಸ ಅದು, ಅರ್ಧ ಸಾಲ ನನ್ನ ಹೆಸರಲ್ಲೇ ಇತ್ತು. 1,300ಕ್ಕೂ ನೀರು ಬರಲಿಲ್ಲ.

ಎಡಿಟಿಂಗ್‌ಗೆ ಕೂತಾಗ ಆ ಹೂಂ ತೆಗೆದು ನೋಡಿದೆ. ದೃಶ್ಯ ಚೆನ್ನಾಗಿಯೇ ಇತ್ತು: ಒಬ್ಬ ಹಟಮಾರಿ ರೈತ, ಒಣ ನೆಲ. ಆದರೆ ಶುದ್ಧ ಸುಳ್ಳು. ತಪ್ಪೆಲ್ಲ ಅಪ್ಪನ ತಲೆ ಮೇಲೆ ಹಾಕಿ ನಾನು ಮೈಕ್ ಹಿಂದೆ ಬಚ್ಚಿಟ್ಟುಕೊಂಡ ಹಾಗಾಯಿತು, ಅಲ್ವಾ? ಕ್ಯಾಮೆರಾ ಇರದಿದ್ದರೆ ಅವರು 1,200ಕ್ಕೇ ನಿಲ್ಲಿಸುತ್ತಿದ್ದರೇನೋ ಅನ್ನುವ ಅನುಮಾನ ಬೇರೆ. ಹೂಂ ವಾಪಸ್ ಹಾಕಿದೆ. ಅದರ ಜೊತೆ ನಾನೂ ಒಳಗೆ ಬಂದೆ.

ಇದೇನೂ ಹೊಸದಲ್ಲ. 1960ರ ಬೇಸಿಗೆಯಲ್ಲಿ ಪ್ಯಾರಿಸ್‌ನಲ್ಲಿ ಜಾನ್ ರೂಶ್ ಮತ್ತು ಎಡ್ಗರ್ ಮೊರಾನ್ ಅಲ್ಲಿನ ಜನರನ್ನು ಮಾತಾಡಿಸುತ್ತಾ ಚಿತ್ರ ತೆಗೆದಾಗ ಅವರೂ ಅದರೊಳಗೇ ಕಾಣಿಸಿಕೊಂಡರು. ತೆಗೆದದ್ದನ್ನು ಅದೇ ಜನಕ್ಕೆ ತೋರಿಸಿ, ಅವರು ಮೆಚ್ಚಿದ್ದು ಬೈದದ್ದು ಎರಡನ್ನೂ ಚಿತ್ರಕ್ಕೇ ಸೇರಿಸಿದರು. ಬ್ರಿಟನ್ನಿನ ನಿಕ್ ಬ್ರೂಮ್‌ಫೀಲ್ಡ್ ಅಂತೂ ಮೈಕ್ ಹಿಡಿದುಕೊಂಡೇ ತಮ್ಮ ಚಿತ್ರಗಳಲ್ಲಿ ಓಡಾಡುತ್ತಾರೆ.

ಹಾಗಂತ ಎಲ್ಲ ಕಡೆ ಮೂತಿ ತೋರಿಸಬೇಕಿಲ್ಲ. ಬೆಂಗಳೂರಿನ ಕೊಳಚೆ ನೀರು ಶುದ್ಧಿಯಾಗಿ 2018ರಲ್ಲಿ ನಮ್ಮ ಜಿಲ್ಲೆಯ ಲಕ್ಷ್ಮೀಸಾಗರ ಕೆರೆಗೆ ಬಂತಲ್ಲ, ಆ ಭಾಗದಲ್ಲಿ ನಾನಿಲ್ಲ. ಕೆರೆ ಪಕ್ಕದವರೇ ಮಾತಾಡುತ್ತಾರೆ. ಒಣ ಕೆರೆಯಲ್ಲಿ ನಾನು ಸುಮ್ನೆ ನಡೆದು ಹೋಗುವ ಒಂದು ಡ್ರೋನ್ ಶಾಟ್ ಇತ್ತು, ನೋಡೋಕೆ ಚೆಂದ, ಕಿತ್ತು ಹಾಕಿದೆ.

ಊರಲ್ಲಿ ಅರಳೀಕಟ್ಟೆ ಹತ್ತಿರ ಬಿಳಿ ಪಂಚೆ ಕಟ್ಟಿ ತೋರಿಸಿದೆವು. ನಾನು ಹೂಂ ಅಂದಾಗ ಹಿಂದೆ ಯಾರೋ ಜೋರಾಗಿ ನಕ್ಕರು. ಮನೆಗೆ ಬರುವಾಗ ಅಪ್ಪ, "ನೀನು ಬೇಡ ಅಂದಿದ್ರೂ ಹಾಕಿಸ್ತಿದ್ದೆ ಬಿಡು" ಅಂದರು. ಆಗ ಕ್ಯಾಮೆರಾ ಬ್ಯಾಗಲ್ಲಿತ್ತು.