894.814ರ ಸಾರ್

ಲೈಬ್ರರಿ ಸಾರ್ ತೀರಿಕೊಂಡರು ಅಂತ ನಮ್ಮ ಬ್ಯಾಚಿನ ವಾಟ್ಸಾಪ್ ಗುಂಪಿಗೆ ಸುದ್ದಿ ಬಂದಾಗ, ಅದರ ಕೆಳಗೆ ಮೊದಲು ಬಿದ್ದ ಪ್ರಶ್ನೆ, "ಯಾವ ಲೈಬ್ರರಿ ಸಾರ್?" ಕೇಳಿದವನು ಕೋಲಾರದ ಕಾಲೇಜಿನಲ್ಲಿ ಮೂರು ವರ್ಷ ನಮ್ಮ ಪಕ್ಕದ ಬೆಂಚಿನಲ್ಲೇ ಕೂತಿದ್ದವನು. ಅವನ ತಪ್ಪೇನೂ ಇಲ್ಲ ಬಿಡಿ. ಅವನು ಲೈಬ್ರರಿ ಮೆಟ್ಟಿಲು ಹತ್ತುತ್ತಿದ್ದುದು ಪರೀಕ್ಷೆಗೆ ಮುಂಚೆ ನೋ ಡ್ಯೂ ಚೀಟಿಗೆ ಸಹಿ ಹಾಕಿಸೋಕೆ ಮಾತ್ರ. ಆ ಪ್ರಶ್ನೆ ನೋಡಿ ನನಗೆ ಸಿಟ್ಟು ಬಂತು. ಅಷ್ಟರಲ್ಲಿ ಸಂಚಿಕೆಗೆ ಏನಾದರೂ ಬರೆದುಕೊಡಿ ಅಂತ ಸಂಪಾದಕರ ಫೋನೂ ಬಂತು. ಬೇರೆ ವಿಷಯ ಹುಡುಕುವ ಕೆಲಸ ಬೀಳಲಿಲ್ಲ.

ನಾನು 1990ರಿಂದ 93ರವರೆಗೆ ಈ ಕಾಲೇಜಿನಲ್ಲಿ ಬಿ.ಎ. ಓದಿದೆ ಅಂತ ಮಾರ್ಕ್ಸ್ ಕಾರ್ಡ್ ಹೇಳುತ್ತದೆ. ಕ್ಲಾಸಿನಲ್ಲಿ ಏನು ಪಾಠ ಆಯಿತು ಅಂತ ಕೇಳಬೇಡಿ. ಎಕನಾಮಿಕ್ಸ್‌ನಲ್ಲಿ ಒಂದು ಗೆರೆ ಮೇಲಕ್ಕೆ ಹೋಗುತ್ತಿತ್ತು, ಇನ್ನೊಂದು ಕೆಳಕ್ಕೆ ಬರುತ್ತಿತ್ತು, ಅಷ್ಟು ಗೊತ್ತು. ಆದರೆ ಲೈಬ್ರರಿಯ ಯಾವ ಬೀರುವಿನ ಬಾಗಿಲು ಎತ್ತಿ ಎಳೆದರೆ ಮಾತ್ರ ತೆಗೆಯುತ್ತಿತ್ತು ಅನ್ನೋದು ಈಗಲೂ ಕೈಗೆ ನೆನಪಿದೆ.

ಈಗಿನವರಿಗೆ ನಂಬೋದು ಕಷ್ಟ, ಆಗ ಎಷ್ಟೋ ಲೈಬ್ರರಿಗಳಲ್ಲಿ ಪುಸ್ತಕ ಮುಟ್ಟುವ ಹಾಗೇ ಇರಲಿಲ್ಲ. ಕೌಂಟರಿನ ಈಚೆ ನಾವು, ಆಚೆ ಬೀಗ ಹಾಕಿದ ಗಾಜಿನ ಬೀರುಗಳು. ಚೀಟಿಯಲ್ಲಿ ಹೆಸರು ಬರೆದುಕೊಟ್ಟರೆ ಅಟೆಂಡರ್ ಒಳಗೆ ಹೋಗಿ, ಒಂದು ಟೀ ಕುಡಿಯುವಷ್ಟು ಹೊತ್ತು ಬಿಟ್ಟು, "ಇಲ್ಲ" ಅಂತ ಬರುತ್ತಿದ್ದ. ಲೈಬ್ರರಿಯನ್ನರನ್ನು ಬೈದು ಪ್ರಯೋಜನವಿರಲಿಲ್ಲ. ಸ್ಟಾಕ್ ವೆರಿಫಿಕೇಶನ್ನಿನಲ್ಲಿ ಪುಸ್ತಕ ಕಡಿಮೆ ಬಂದರೆ ಅದು ಅವರ ತಲೆಗೇ ಬರುತ್ತಿತ್ತು, ಆ ಭಯಕ್ಕೆ ಬೀಗ. ಹಳೆಯ ಲೈಬ್ರರಿ ಅಂದರೆ ಸ್ವರ್ಗ, ಪುಸ್ತಕದ ಆ ವಾಸನೆ, ಅಂತೆಲ್ಲ ನನ್ನ ವಯಸ್ಸಿನವರು ಬರೆಯುವಾಗ ನನಗೆ ನಗು ಬರುತ್ತದೆ. ಸ್ವರ್ಗಕ್ಕೆ ಬೀಗ ಇತ್ತು ಸ್ವಾಮಿ. ವಾಸನೆ ನೋಡಬೇಕಾದರೆ ಮೊದಲು ಚೀಟಿ ಬರೆಯಬೇಕಿತ್ತು.

ನಮ್ಮ ಸಾರ್ ಬೀಗದ ಕೈಗಳನ್ನು ಬೀರುವಿನಲ್ಲೇ ಬಿಟ್ಟರು. ಬೆಳಿಗ್ಗೆ ಬಂದು ಒಂದೊಂದಾಗಿ ತೆಗೆಯೋದು, ಸಂಜೆ ಹಾಕೋದು. ನಡುವೆ ಯಾರು ಬೇಕಾದರೂ ಒಳಗೆ ಹೋಗಬಹುದು. ಪ್ರಿನ್ಸಿಪಾಲರು ಕರೆಸಿ ಕೇಳಿದ್ದಕ್ಕೆ, "ಗೆದ್ದಲು ತಿನ್ನೋದಕ್ಕಿಂತ ಹುಡುಗರು ತಿಂದರೆ ವಾಸಿ ಅಲ್ವಾ ಸಾರ್" ಅಂದರಂತೆ. ಕಳೆದದ್ದಕ್ಕೆ ಅವರ ಸಂಬಳದಲ್ಲಿ ಎಷ್ಟು ಹಿಡಿದರೋ, ಅದನ್ನು ಅವರು ಯಾರಿಗೂ ಹೇಳಲಿಲ್ಲ.

ಅವರಿಗೆ ನಾವಿಟ್ಟ ಹೆಸರು 'ಪಾಯಿಂಟ್ ಸಾರ್'. ಕಾರಣ ಇದೆ. ನಮ್ಮ ಲೈಬ್ರರಿಯ ಪುಸ್ತಕಗಳ ಬೆನ್ನಿಗೆಲ್ಲ ಡ್ಯೂಯಿ ನಂಬರು. ಪುಸ್ತಕಗಳನ್ನು ವಿಷಯದ ಪ್ರಕಾರ ಜೋಡಿಸೋಕೆ ಅಮೆರಿಕದ ಮೆಲ್ವಿಲ್ ಡ್ಯೂಯಿ 1876ರಲ್ಲಿ ಹೊರತಂದ ದಶಮಾಂಶ ಪದ್ಧತಿ ಅದು. ಅದರಲ್ಲಿ ಇಂಗ್ಲಿಷ್ ಸಾಹಿತ್ಯಕ್ಕೆ 820 ಅಂತ ದುಂಡನೆಯ ಸಂಖ್ಯೆ. ಕನ್ನಡ ಸಾಹಿತ್ಯಕ್ಕೆ 894.814. ಪಂಪನಿಂದ ಹಿಡಿದು ನಿನ್ನೆ ಮೊನ್ನೆ ಬರೆದವರವರೆಗೆ ಎಲ್ಲರೂ ಆ ಪಾಯಿಂಟಿನ ಆಚೆ ಒತ್ತಿಕೊಂಡು ಕೂರಬೇಕು. ಸಾರ್‌ಗೆ ಇದು ಜೀವನಪೂರ್ತಿಯ ಸಂಕಟ. ಹೊಸಬರು ಯಾರು ಬಂದರೂ ಮೊದಲು ಇದನ್ನೇ ಹೇಳುತ್ತಿದ್ದರು. ಅವರ ದೇವರು ಎಸ್.ಆರ್. ರಂಗನಾಥನ್. ಗಣಿತ ಪಾಠ ಮಾಡುತ್ತಿದ್ದ ರಂಗನಾಥನ್ 1924ರಲ್ಲಿ ಮದ್ರಾಸ್ ವಿಶ್ವವಿದ್ಯಾಲಯದ ಲೈಬ್ರರಿಗೆ ಬಂದು, 1933ರಲ್ಲಿ ಕೋಲನ್ ವರ್ಗೀಕರಣ ಅಂತ ತಮ್ಮದೇ ಪದ್ಧತಿ ಕೊಟ್ಟರು. ಕಡೆಗಾಲದಲ್ಲಿ ಬೆಂಗಳೂರಿನಲ್ಲೇ ಇದ್ದರು, 1972ರಲ್ಲಿ ಅಲ್ಲೇ ತೀರಿಕೊಂಡರು. ಸಾರ್ ಹುಡುಗರಾಗಿದ್ದಾಗ ಒಮ್ಮೆ ಅವರ ಉಪನ್ಯಾಸ ಕೇಳಿದ್ದರಂತೆ. ಅದನ್ನು ಪ್ರತಿವರ್ಷ ನಮಗೆ ಹೇಳುತ್ತಿದ್ದರು. ಪ್ರತಿವರ್ಷವೂ ಉಪನ್ಯಾಸ ಇನ್ನೊಂದು ಸ್ವಲ್ಪ ಉದ್ದವಾಗುತ್ತಿತ್ತು.

ನಾವು ಮೂರು ಜನ ಇದ್ದೆವು. ನಾನು ಶ್ರೀನಿವಾಸಪುರದ ಕಡೆಯವನು, ಮನೆಯಲ್ಲಿ ತೆಲುಗು. ಇನ್ನೊಬ್ಬ ಕೆಜಿಎಫ್‌ನವನು, ತಮಿಳು. ಮತ್ತೊಬ್ಬ ಕೋಲಾರದವನೇ, ಉರ್ದು. ಒಬ್ಬರ ಮನೆಯಲ್ಲೂ ಕನ್ನಡ ಇಲ್ಲ, ಮೂವರೂ ಅದನ್ನೇ ನೆಪ ಮಾಡಿಕೊಂಡು ಕನ್ನಡ ಪುಸ್ತಕ ಅಂದರೆ ದೂರ. ಸಾರ್ ಬಿಡಲಿಲ್ಲ. "ಮಾಸ್ತಿಯವರ ಮನೆಮಾತು ಏನು? ತಮಿಳು. ಊರು ಯಾವುದು? ನಮ್ಮ ಮಾಲೂರು ತಾಲ್ಲೂಕು. ಜ್ಞಾನಪೀಠ ಬಂದದ್ದು ಯಾವುದಕ್ಕೆ? ಸುಮ್ನೆ ಕಥೆ ಹೇಳಬೇಡಿ" ಅಂದು ತೆಳ್ಳನೆಯ ಪುಸ್ತಕಗಳನ್ನು ಕೈಗೆ ಹಾಕಿದರು. ವಾಪಸ್ ತಂದಾಗ ಸೀಲ್ ಒತ್ತುವ ಮುಂಚೆ ನಡುವಿನ ಪುಟ ತೆಗೆದು ಒಂದು ಪ್ರಶ್ನೆ. ಉತ್ತರ ಬರದಿದ್ದರೆ ಅದೇ ಪುಸ್ತಕ ಮತ್ತೆ ಕೈಗೆ. ಹೀಗೆ ತೆಳ್ಳನೆಯದು ಹೋಗಿ ದಪ್ಪದ್ದು ಬಂತು, ಆಮೇಲೆ ಒಬ್ಬೊಬ್ಬರಿಗೆ ಎರಡೇ ಲೈಬ್ರರಿ ಟಿಕೆಟ್, ಒಂದು ಟಿಕೆಟ್ಟಿಗೆ ಒಂದೇ ಪುಸ್ತಕ ಅನ್ನುವ ನಿಯಮ ನಮಗೆ ಸಾಲದಾಯಿತು.

ಕಿತಾಪತಿ ಶುರುವಾದದ್ದು ಅಲ್ಲಿ. ನಮ್ಮ ಜೊತೆ ಸೇರಿದ ಒಬ್ಬ ಹುಡುಗ ಸ್ವಲ್ಪ ದಿನಕ್ಕೇ ಕಾಲೇಜು ಬಿಟ್ಟು ಐಟಿಐಗೆ ಹೋದ. ಅವನ ಲೈಬ್ರರಿ ಟಿಕೆಟ್‌ಗಳು ಕೆಜಿಎಫ್ ಗೆಳೆಯನ ಹತ್ತಿರ ಉಳಿದಿದ್ದವು. ಆಗಿನ ವ್ಯವಸ್ಥೆ ಏನಂದರೆ, ಪುಸ್ತಕದೊಳಗಿನ ಕಾರ್ಡ್ ತೆಗೆದು ನಮ್ಮ ಟಿಕೆಟ್ಟಿನ ಜೇಬಿಗೆ ಸೇರಿಸಿ ಟ್ರೇಯಲ್ಲಿ ನಿಲ್ಲಿಸೋದು, ಅಷ್ಟೇ. ಫೋಟೋ ಇಲ್ಲ, ಬಾರ್‌ಕೋಡ್ ಇಲ್ಲ. ಇಲ್ಲದ ಹುಡುಗನ ಹೆಸರಿನಲ್ಲಿ ನಾವು ಮೂವರೂ ಪುಸ್ತಕ ತೆಗೆದುಕೊಳ್ಳುತ್ತಾ ಹೋದೆವು. ಅವನು ತುಂಬಾ ಓದಿದ. ಕಾದಂಬರಿ ಓದಿದ, ನಾಟಕ ಓದಿದ, ಕೋಳಿ ಸಾಕಣೆ ಬಗ್ಗೆಯೂ ಓದಿದ. ಅದು ಯಾರಿಗೆ ಬೇಕಿತ್ತು ಅಂತ ಮೂವರಲ್ಲಿ ಇವತ್ತಿಗೂ ಒಬ್ಬರೂ ಬಾಯಿಬಿಟ್ಟಿಲ್ಲ.

1992ರ ಆಗಸ್ಟ್ 12 ರಂಗನಾಥನ್ ಅವರ ನೂರನೇ ಹುಟ್ಟುಹಬ್ಬ. ಸಾರ್ ಪ್ರಿನ್ಸಿಪಾಲರನ್ನು ಕಾಡಿ ಬೇಡಿ ಒಂದು ಸಭೆ ಇಟ್ಟರು. ವರ್ಷದಲ್ಲಿ ಅತಿ ಹೆಚ್ಚು ಪುಸ್ತಕ ಓದಿದ ವಿದ್ಯಾರ್ಥಿಗೆ ಬಹುಮಾನ ಅಂತ ಘೋಷಣೆ. ರಂಗನಾಥನ್ 1931ರಲ್ಲಿ ಬರೆದ ಗ್ರಂಥಾಲಯದ ಐದು ಸೂತ್ರಗಳನ್ನು ಒಂದೊಂದಾಗಿ ವಿವರಿಸಿ, ಅರ್ಧ ಹಾಲ್ ನಿದ್ದೆಗೆ ಜಾರಿದ ಮೇಲೆ ರಿಜಿಸ್ಟರ್ ತೆಗೆದು ಹೆಸರು ಓದಿದರು. ಐಟಿಐ ಹುಡುಗನ ಹೆಸರು! ಹಾಲ್ ಪೂರ್ತಿ ತಿರುಗಿ ನೋಡುತ್ತಿದೆ, ಯಾರೂ ಏಳುತ್ತಿಲ್ಲ. ನಮಗೆ ಬೆವರು. ಸಾರ್ ಮುಖದಲ್ಲಿ ಒಂದು ಗೆರೆಯೂ ಅಲುಗಲಿಲ್ಲ. ಮೈಕ್ ಹತ್ತಿರಕ್ಕೆಳೆದು, "ಈ ವಿದ್ಯಾರ್ಥಿಗೆ ಬಹಳ ಸಂಕೋಚ. ಅವನ ಪರವಾಗಿ ಕೊನೇ ಬೆಂಚಿನ ಆ ಮೂವರು ಬಂದು ತೆಗೆದುಕೊಂಡು ಹೋಗಲಿ" ಅಂದರು. ಬಹುಮಾನ ಒಂದು ನಿಘಂಟು. ಯಾರ ಮನೆಯಲ್ಲಿ ಇರಬೇಕು ಅಂತ ವರ್ಷಗಟ್ಟಲೆ ಜಗಳ ಆಡಿದ್ದೇವೆ. ಸದ್ಯಕ್ಕೆ ನನ್ನ ಮನೆಯಲ್ಲಿದೆ, ಇಲ್ಲೇ ಇರುತ್ತದೆ.

ಹಿಸ್ಟರಿ ಮೇಷ್ಟ್ರ ಹೆಸರು ಎತ್ತದಿದ್ದರೆ ತಪ್ಪಾಗುತ್ತದೆ. ಅವರು ತೆಲುಗಿನಲ್ಲಿ ಬೈದು ಕನ್ನಡದಲ್ಲಿ ಸಮಾಧಾನ ಮಾಡುತ್ತಿದ್ದರು. ಒಂದು ಶನಿವಾರ ನಮ್ಮನ್ನು ಕೋಲಾರಮ್ಮನ ಗುಡಿಗೆ ಕರೆದುಕೊಂಡು ಹೋಗಿ ಗೋಡೆ ತೋರಿಸಿದರು. ಚೋಳರ ಕಾಲದ ತಮಿಳು ಶಾಸನ. "ಓದ್ರೋ" ಅಂದರು. ಯಾರಿಗೆ ಬರುತ್ತದೆ? ಕೆಜಿಎಫ್‌ನವನು ಎರಡು ಅಕ್ಷರ ಹೇಳಿ ಕೈಚೆಲ್ಲಿದ. "ಹಾಗಾದ್ರೆ ಹತ್ತನೇ ಸಂಪುಟ ನೋಡಿ" ಅಂತ ಲೈಬ್ರರಿಗೆ ಅಟ್ಟಿದರು. ಬಿ.ಎಲ್. ರೈಸ್ 1905ರಲ್ಲಿ ಹೊರತಂದ, ಎಪಿಗ್ರಾಫಿಯಾ ಕರ್ನಾಟಿಕಾ ಅನ್ನುವ ಶಾಸನ ಸಂಗ್ರಹದ ಹತ್ತನೇ ಸಂಪುಟ, ಪೂರ್ತಿ ಕೋಲಾರ ಜಿಲ್ಲೆಯದು. ಈಗಿನ ಚಿಕ್ಕಬಳ್ಳಾಪುರ ಜಿಲ್ಲೆಯೂ ಆಗ ಇದರೊಳಗೇ ಇತ್ತು. ಸಾರ್ ಕೂಡ ಹೊರಗೆ ಕೊಡದ ಒಂದೇ ಪುಸ್ತಕ ಅದು. ಪುಟ ತಿರುವಿದರೆ ಅಂಚು ಉದುರುತ್ತಿತ್ತು. ಅವರೇ ಪಕ್ಕದಲ್ಲಿ ನಿಂತು ತಿರುವಿಹಾಕುತ್ತಿದ್ದರು, ನಾವು ಕೈ ಕಟ್ಟಿಕೊಂಡು ನೋಡಬೇಕು.

ಆ ಪುಸ್ತಕವೇ ಮುಂದೆ ನನ್ನನ್ನು ಹಿಡಿದುಕೊಂಡಿತು. ಬ್ಯಾಂಕ್ ಕೆಲಸದ ನಡುವೆ ಕೋಲಾರದ ಕೆರೆಗಳ ಬಗ್ಗೆ ಒಂದು ಪುಸ್ತಕ ಬರೆದೆ. ಚಿಕ್ಕದೇ, ಆದರೆ ಓದಿದವರು ಚೆನ್ನಾಗಿದೆ ಅಂದಿದ್ದಾರೆ, ನಾನೇ ಹೇಳಿಕೊಳ್ಳಬಾರದು. ಕೆರೆ ಕಟ್ಟಿಸಿದವರಿಗೆ ಬಿಟ್ಟುಕೊಟ್ಟ ಭೂಮಿ, ಅಂದರೆ ಕಟ್ಟುಕೊಡಗೆ, ಬಿತ್ತುವಟ್ಟ, ಇವೆಲ್ಲ ಶಾಸನಗಳಲ್ಲೇ ಸಿಗಬೇಕು. ಆಗ ಹತ್ತನೇ ಸಂಪುಟ ನೋಡೋಕೆ ನಾನು ಎಲ್ಲಿಗೂ ಹೋಗಲಿಲ್ಲ. ಸ್ಕ್ಯಾನ್ ಮಾಡಿದ ಪ್ರತಿ ಇಂಟರ್ನೆಟ್ ಆರ್ಕೈವ್‌ನಲ್ಲಿ ಪುಕ್ಕಟೆ ಬಿದ್ದಿದೆ. ರಾತ್ರಿ ಊಟ ಮುಗಿಸಿ, ಫೋನಿನಲ್ಲಿ ಅಕ್ಷರ ದೊಡ್ಡದು ಮಾಡಿಕೊಂಡು, ಮುಳಬಾಗಿಲಿನ ಶಾಸನ ಒಂದು ಕಡೆ, ಮಾಲೂರಿನದು ಇನ್ನೊಂದು ಕಡೆ ಇಟ್ಟುಕೊಂಡು ಓದಿದೆ. ಪುಟ ಉದುರುವ ಭಯವಿಲ್ಲ, ಪಕ್ಕದಲ್ಲಿ ಕಾವಲಿಲ್ಲ. ಇದನ್ನು ಕೆಟ್ಟದ್ದು ಅನ್ನೋಕೆ ನನಗೆ ಬಾಯಿ ಬರುವುದಿಲ್ಲ. ಕೆಜಿಎಫ್ ಗೆಳೆಯನ ಕಥೆಯೂ ಹಾಗೇ. 2001ರಲ್ಲಿ ಗಣಿ ಮುಚ್ಚಿದ ಮೇಲೆ ಆ ಊರಿನ ಎಷ್ಟೋ ಜನರ ಹಾಗೆ ಅವನೂ ಬೆಳಿಗ್ಗೆ ರೈಲು ಹತ್ತಿ ಬೆಂಗಳೂರಿಗೆ ಹೋಗಿ ರಾತ್ರಿ ಬರುತ್ತಾನೆ. ಕೂರೋಕೆ ಜಾಗ ಸಿಕ್ಕದ ದಿನವೂ ಕಿವಿಗೆ ಇಯರ್‌ಫೋನ್ ಹಾಕಿಕೊಂಡು ಕನ್ನಡ ಕಾದಂಬರಿ ಕೇಳುತ್ತಾ ನಿಂತಿರುತ್ತಾನೆ.

ಆದರೆ ಒಂದು ಮಾತು. ಹತ್ತನೇ ಸಂಪುಟ ಅಂತ ಒಂದಿದೆ ಅನ್ನೋದು ನನಗೆ ಮೊದಲೇ ಗೊತ್ತಿತ್ತು. ಹುಡುಕುವ ಚೌಕದಲ್ಲಿ ಏನು ಬರೆಯಬೇಕು ಅಂತ ಇಬ್ಬರು ಮೇಷ್ಟ್ರು ಮುಂಚೆಯೇ ಹೇಳಿಕೊಟ್ಟಿದ್ದರು. ಗೊತ್ತಿಲ್ಲದವನು ಏನಂತ ಟೈಪ್ ಮಾಡುತ್ತಾನೆ?

ಸಾರ್ ಹೋದ ಮೇಲೆ ಕಾಲೇಜಿಗೆ ಒಮ್ಮೆ ಹೋಗಿದ್ದೆ. ಲೈಬ್ರರಿ ಚೆನ್ನಾಗಿದೆ. ಬಣ್ಣ ಹೊಡೆದಿದ್ದಾರೆ, 'ಡಿಜಿಟಲ್ ಗ್ರಂಥಾಲಯ' ಅಂತ ಬೋರ್ಡಿದೆ. ಗೋಡೆಯ ಮೇಲೆ ಎನ್-ಲಿಸ್ಟ್ ಬಗ್ಗೆ ಒಂದು ಪೋಸ್ಟರ್. ಗುಜರಾತಿನ ಗಾಂಧಿನಗರದಲ್ಲಿರುವ ಇನ್‌ಫ್ಲಿಬ್‌ನೆಟ್ ಅನ್ನುವ ಯುಜಿಸಿ ಕೇಂದ್ರ ಕಾಲೇಜುಗಳಿಗೆ ಅಂತ ಮಾಡಿದ ಸೌಲಭ್ಯ ಅದು, ಸಾವಿರಾರು ಇ-ಜರ್ನಲ್, ಅಂದರೆ ಸಂಶೋಧನಾ ಪತ್ರಿಕೆಗಳನ್ನು, ಕಂಪ್ಯೂಟರಿನಲ್ಲೇ ಓದಬಹುದು ಅಂತ ಅದರಲ್ಲಿತ್ತು. ಪಾಸ್‌ವರ್ಡ್ ಯಾರ ಹತ್ತಿರ ಇದೆ ಅಂತ ಒಬ್ಬ ಹುಡುಗನನ್ನು ಕೇಳಿದೆ. ಅವನು ಪೋಸ್ಟರನ್ನು ಆಗಲೇ ಮೊದಲ ಸಲ ನೋಡಿದ ಹಾಗಿತ್ತು. ಹಾಗಂತ ಕುರ್ಚಿಗಳು ಖಾಲಿ ಇರಲಿಲ್ಲ! ಒಂದೂ ಖಾಲಿ ಇರಲಿಲ್ಲ. ಪಿಎಸ್‌ಐ, ಎಫ್‌ಡಿಎ, ಕೆಎಎಸ್ ಅಂತ ಓದುವ ಹುಡುಗ ಹುಡುಗಿಯರು ತಮ್ಮದೇ ಗೈಡು, ತಮ್ಮದೇ ನೀರಿನ ಬಾಟಲಿ ತಂದು ಕೂತಿದ್ದರು. ಅವರಿಗೆ ಬೇಕಿರೋದು ಫ್ಯಾನು, ಬೆಳಕು, ಗಲಾಟೆ ಇಲ್ಲದ ಒಂದು ಮೂಲೆ. ಮನೆಯಲ್ಲಿ ಅದು ಇಲ್ಲ. ಹಾಗಾಗಿ ಈಗಿನವರು ಲೈಬ್ರರಿಗೆ ಬರೋದಿಲ್ಲ ಅನ್ನುವವರ ಮಾತು ನಾನು ಒಪ್ಪುವುದಿಲ್ಲ. ನಮ್ಮ ಕಾಲಕ್ಕಿಂತ ಜಾಸ್ತಿ ಜನ ಇದ್ದರು. ಬೀರುಗಳ ಕಡೆ ಮಾತ್ರ ಒಬ್ಬರೂ ತಿರುಗಿರಲಿಲ್ಲ. ತಿರುಗಿ ಅನ್ನೋರು ಯಾರೂ ಇರಲಿಲ್ಲ. ಸಾರ್ ನಿವೃತ್ತರಾದ ಮೇಲೆ ಆ ಹುದ್ದೆ ತುಂಬಿಲ್ಲ. ಕಂಪ್ಯೂಟರ್ ಲ್ಯಾಬ್ ನೋಡಿಕೊಳ್ಳುವವರೇ ಇದನ್ನೂ ನೋಡಿಕೊಳ್ಳುತ್ತಾರೆ. ಪಾಪ, ಅವರು ಒಳ್ಳೆಯವರು, ಪ್ರಿಂಟರ್ ರಿಪೇರಿ ಮಾಡುತ್ತಿದ್ದರು.

ಬಂದಿದ್ದೇನಲ್ಲ ಅಂತ ಕ್ಯಾಟಲಾಗ್ ಕಂಪ್ಯೂಟರಿನಲ್ಲಿ ನನ್ನ ಪುಸ್ತಕ ಇದೆಯಾ ಅಂತ ಹುಡುಕಿದೆ. ಬರೆದವರು ಯಾರಾದರೂ ಹುಡುಕುತ್ತಾರೆ, ಅದರಲ್ಲಿ ನಾಚಿಕೆ ಏನು? ಕನ್ನಡದಲ್ಲಿ ಟೈಪ್ ಮಾಡಿದೆ, ಇಲ್ಲ ಅಂತು. ಆಮೇಲೆ ಗೊತ್ತಾಯಿತು, ಕನ್ನಡ ಪುಸ್ತಕಗಳನ್ನೆಲ್ಲ ಇಂಗ್ಲಿಷ್ ಅಕ್ಷರದಲ್ಲಿ ಸೇರಿಸಿದ್ದಾರೆ. ಮೊದಲು ಯಾರೋ ಯೂನಿಕೋಡ್ ಅಲ್ಲದ ಫಾಂಟಿನಲ್ಲಿ ಟೈಪ್ ಮಾಡಿದ್ದರಂತೆ, ಸಾಫ್ಟ್‌ವೇರ್ ಬದಲಾದಾಗ ಎಲ್ಲ ಚಿತ್ರಲಿಪಿಯಾಗಿ ಕೂತಿತಂತೆ, ಅದಕ್ಕೆ ಈ ಉಪಾಯ. ಈಗ ಹಾಕಿರೋದು ಕೋಹಾ. ನ್ಯೂಜಿಲೆಂಡಿನ ಒಂದು ಲೈಬ್ರರಿಗೆ ಅಂತ ಮಾಡಿ 2000ದಲ್ಲಿ ಎಲ್ಲರಿಗೂ ಬಿಟ್ಟುಕೊಟ್ಟ ಸಾಫ್ಟ್‌ವೇರ್. ದುಡ್ಡಿಲ್ಲ, ಕನ್ನಡ ಲಿಪಿ ಅದಕ್ಕೆ ಸಲೀಸಾಗಿ ಬರುತ್ತದೆ. ಕೂತು ಸೇರಿಸುವವರು ಬೇಕು, ಅಷ್ಟೇ. ನನ್ನ ಹೆಸರಿನ ಕೊನೆಯ 'ಯ್ಯ'ವನ್ನು ಇಂಗ್ಲಿಷಿನಲ್ಲಿ ಎಷ್ಟು ಥರ ಬರೆಯಬಹುದೋ ಅಷ್ಟೂ ಥರ ಬರೆದು ನೋಡಿದೆ. ಕೊನೆಗೆ ಸಿಕ್ಕಿತು. ಹೆಸರಿನ ನಡುವೆ ಒಂದು ಅಕ್ಷರ ಮಾಯ, ಪುಸ್ತಕದ ವರ್ಗ 'ಮೀನುಗಾರಿಕೆ'. ಕೆರೆ ಅಂದರೆ ಮೀನು ಅಂದುಕೊಂಡರೋ ಏನೋ. ಪಾಯಿಂಟ್ ಸಾರ್ ಇದ್ದಿದ್ದರೆ ಇದನ್ನು ನೋಡಿ ಎರಡು ದಿನ ಊಟ ಬಿಡುತ್ತಿದ್ದರು.

ಸಾರ್ ಹೆಸರಿನಲ್ಲಿ ಏನಾದರೂ ಮಾಡೋಣ ಅಂತ ಈಗ ಗುಂಪಿನಲ್ಲಿ ಚರ್ಚೆ ನಡೀತಾ ಇದೆ. ಟ್ಯಾಬ್ ಕೊಡಿಸೋಣ, ಪ್ರತಿಯೊಂದರ ಹಿಂದೆ ಸಾರ್ ಫೋಟೋ ಅಂಟಿಸೋಣ ಅಂತ ಜಾಸ್ತಿ ಜನ. ನಾನು ಬೇರೆ ಹೇಳಿದೆ. ಓದೋಕೆ ಬರುವ ಪ್ರತಿ ಮಗುವಿನ ಜೇಬಿನಲ್ಲೂ ಒಂದು ಫೋನಿದೆ, ಇನ್ನೊಂದು ಪರದೆ ಯಾಕೆ? ಲೈಬ್ರರಿ ಸೈನ್ಸ್ ಓದಿ ಕೆಲಸ ಇಲ್ಲದೆ ಕೂತಿರುವವರು ನಮ್ಮ ಜಿಲ್ಲೆಯಲ್ಲೇ ಇದ್ದಾರೆ, ಅವರಲ್ಲಿ ಒಬ್ಬರಿಗೆ ಎರಡು ವರ್ಷ ಸಂಬಳ ಕೊಡೋಣ. ಹುದ್ದೆ ತುಂಬಬೇಕಾದವರು ಆಮೇಲಾದರೂ ತುಂಬಲಿ. ಇದಕ್ಕೆ ಬಂದ ಉತ್ತರ, "ಸಂಬಳಕ್ಕೆ ಫಲಕ ಎಲ್ಲಿ ಹಾಕೋದು?" ನಾನು ನನ್ನ ಪಾಲಿನ ದುಡ್ಡು ಎತ್ತಿಟ್ಟಿದ್ದೇನೆ, ಉರ್ದು ಗೆಳೆಯನೂ ಕೆಜಿಎಫ್‌ನವನೂ ಒಪ್ಪಿದ್ದಾರೆ. ಐಟಿಐ ಹುಡುಗನ ನಂಬರನ್ನೂ ಹುಡುಕುತ್ತಿದ್ದೇವೆ, ಅಷ್ಟೊಂದು ಓದಿದವನು ಕೊಡದೆ ಇರುತ್ತಾನಾ?

ಯಾರೇ ಬರಲಿ, ಮೊದಲು ಆಗಬೇಕಾದ ಕೆಲಸ ಇದು: ಕನ್ನಡ ಪುಸ್ತಕಗಳನ್ನೆಲ್ಲ ಕನ್ನಡ ಅಕ್ಷರದಲ್ಲಿ ಕಂಪ್ಯೂಟರಿಗೆ ಸೇರಿಸಬೇಕು. ಆ ಸಾಲಿಗೆ ಬಂದಾಗ ನನ್ನ ಹೆಸರಿನ ಅಕ್ಷರವೊಂದನ್ನು ವಾಪಸ್ ಹಾಕಿ, ಮೀನಿನ ಜೊತೆ ಇರುವ ಪುಸ್ತಕವನ್ನು ಅದರ ಜಾಗಕ್ಕೆ ತಂದುಬಿಡಿ. ನಂಬರ್ ಏನು ಕೊಡಬೇಕು ಅಂತ ಗೊಂದಲವಾದರೆ ಫೋನ್ ಮಾಡಿ, ಹೇಳುತ್ತೇನೆ.